ಗಜನಿ ಗದ್ದೆಗೆ ಉಪ್ಪುನೀರು ನುಗ್ಗುತ್ತಿದೆಯೇ? ಮಳೆಗಾಲಕ್ಕೆ ಮುಂಚೆ ಇಷ್ಟು ಮಾಡಿ

ಕುಮಟಾ ತಾಲೂಕಿನ ಮಾಣಿಕಟ್ಟಾ, ಕಾಗಾಲ ಸುತ್ತಮುತ್ತ ಅಘನಾಶಿನಿ ಅಳಿವೆಯ ಪಕ್ಕ ಇರುವ ತಗ್ಗು ಗದ್ದೆಗಳೇ ಗಜನಿ. ಇಲ್ಲಿ ಸಮುದ್ರದ ನೀರು ದಿನಕ್ಕೆರಡು ಸಲ ಏರಿ ಇಳಿಯುತ್ತದೆ. ಮಳೆಗಾಲದಲ್ಲಿ ಕಗ್ಗ ಭತ್ತ, ಕೊಯ್ಲಾದ ಮೇಲೆ ಅದೇ ಗದ್ದೆಯಲ್ಲಿ ಮೀನು-ಸಿಗಡಿ. ಆದ್ರೆ ಒಂದು ಕಡೆ ಕಟ್ಟೆ ಒಡೆದರೂ ಇಡೀ ಬಯಲಿನ ಬೆಳೆ ಹೋಗುತ್ತದೆ, ಪಕ್ಕದ ಬಾವಿ ನೀರೂ ಉಪ್ಪಾಗಬಹುದು.

1. ಉಬ್ಬರದ ಲೆಕ್ಕ ಇಡಿ
ಅಮಾವಾಸ್ಯೆ, ಹುಣ್ಣಿಮೆ ಆಸುಪಾಸು ಉಬ್ಬರ ಜೋರು. ಸಮಯವೂ ದಿನಕ್ಕೆ ಸುಮಾರು 50 ನಿಮಿಷ ಮುಂದೆ ಹೋಗುತ್ತದೆ. ಮೊಬೈಲ್‌ನಲ್ಲಿ ಉಬ್ಬರ-ಇಳಿತದ ವೇಳಾಪಟ್ಟಿ ನೋಡಿ, ಆ ದಿನಗಳಿಗೆ ಅಲಾರಾಂ ಇಟ್ಟುಕೊಳ್ಳಿ. ಜೋರು ಮಳೆ, ಗಾಳಿ ಜೊತೆಗೆ ಬಂದರೆ ಅಪಾಯ ಹೆಚ್ಚು.

2. ಕಟ್ಟೆ, ತೂಬು ನೋಡಿ
ಮೇ ತಿಂಗಳಲ್ಲೇ ಕಟ್ಟೆ ಮೇಲೆ ನಡೆದು ನೋಡಿ. ಏಡಿ ತೂತು, ಬಿರುಕು, ಕುಸಿದ ಜಾಗದ ಫೋಟೋ ತೆಗೆದು ಊರಿನ ವಾಟ್ಸಾಪ್ ಗುಂಪಿಗೆ ಹಾಕಿ. ತೂತು ಸಣ್ಣದಿದ್ದಾಗಲೇ ಜೇಡಿಮಣ್ಣು ತುಂಬಿ ಗಟ್ಟಿಯಾಗಿ ತುಳಿಯಿರಿ. ತೂಬಿನ ಹಲಗೆ ಉಬ್ಬರದಲ್ಲಿ ಬಿಗಿಯಾಗಿ ಮುಚ್ಚಬೇಕು, ಇಳಿತದಲ್ಲಿ ಒಳಗಿನ ನೀರನ್ನು ಹೊರಗೆ ಬಿಡಬೇಕು.

3. ಮಳೆ ನೀರಲ್ಲಿ ಉಪ್ಪು ತೊಳೆಯಿರಿ
ಮೊದಲ ಮಳೆ ನೀರನ್ನು ಗದ್ದೆಯಲ್ಲಿ ನಿಲ್ಲಿಸಿ, ಇಳಿತದಲ್ಲಿ ಹೊರಬಿಡಿ. ಎರಡು-ಮೂರು ಸಲ ಹೀಗೆ ಮಾಡಿ. ಮಣ್ಣಿನ ಸಾರದ ಇಸಿ ಸುಮಾರು 3 ದಾಟಿದರೆ ಸಾಮಾನ್ಯ ಭತ್ತದ ಇಳುವರಿ ಇಳಿಯತೊಡಗುತ್ತದೆ. ಉಪ್ಪು ಅಂತ ಸುಮ್ಮನೆ ಜಿಪ್ಸಂ ಹಾಕಬೇಡಿ. ಅದು ಸೋಡಿಯಂ ಹೆಚ್ಚಿರುವ ಕ್ಷಾರ ಮಣ್ಣಿಗೆ. ಮಣ್ಣು ಪರೀಕ್ಷೆ ಮಾಡಿಸಿಯೇ ತೀರ್ಮಾನಿಸಿ.

4. ಕಗ್ಗದ ಬೀಜ ಬಿಡಬೇಡಿ
ಕಗ್ಗ ಎತ್ತರದ ತಳಿ. ಉಪ್ಪನ್ನೂ ತಡೆಯುತ್ತದೆ, ಕೆಲವು ದಿನ ನೀರಲ್ಲಿ ಮುಳುಗಿದರೂ ಚೇತರಿಸಿಕೊಳ್ಳುತ್ತದೆ. ಗೊಬ್ಬರ, ಔಷಧಿ ಖರ್ಚಿಲ್ಲ. ಇಳುವರಿ ಕಡಿಮೆ ನಿಜ, ಆದ್ರೆ ಬೇರೆ ತಳಿ ಸಾಯುವ ಕಡೆ ಇದು ಅನ್ನ ಕೊಡುತ್ತದೆ. ಎಳೆ ಸಸಿ ಹಂತದಲ್ಲಿ ಮತ್ತು ಹೂ ಬಿಡುವಾಗ ಭತ್ತಕ್ಕೆ ಉಪ್ಪು ತಡೆಯುವ ಶಕ್ತಿ ಕಡಿಮೆ. ಆಗ ತೂಬಿನ ಮೇಲೆ ಕಣ್ಣಿರಲಿ. ಚೆನ್ನಾಗಿ ಬಲಿತ ತೆನೆಯಿಂದ ಮುಂದಿನ ವರ್ಷದ ಬೀಜ ತೆಗೆದಿಡಿ.

5. ಸಿಗಡಿ, ಭತ್ತ ಎರಡಕ್ಕೂ ಒಪ್ಪಂದ
ಕೊಯ್ದ ಮೇಲೆ ಉಳಿದ ಕೂಳೆ ಕೊಳೆತು ಮೀನು-ಸಿಗಡಿಗೆ ಆಹಾರ ಹುಟ್ಟಿಸುತ್ತದೆ. ಗಲಾಟೆ ಆಗೋದು ತೂಬು ತೆಗೆಯುವ ದಿನಕ್ಕೆ: ಸಿಗಡಿಯವರಿಗೆ ಉಪ್ಪುನೀರು ಬೇಕು, ಭತ್ತದವರಿಗೆ ಬೇಡ. ಗುತ್ತಿಗೆ ಕೊಡುವಾಗಲೇ ನೀರು ಬಿಡುವ ತಾರೀಕು, ಗದ್ದೆ ಖಾಲಿ ಮಾಡುವ ತಾರೀಕು, ಕಟ್ಟೆ ರಿಪೇರಿ ಖರ್ಚು ಯಾರದ್ದು ಅಂತ ಬರೆಸಿಕೊಳ್ಳಿ.

ನಿಮ್ಮೊಬ್ಬರ ಗದ್ದೆಗೆ ಮಾತ್ರ ಕಟ್ಟೆ ಕಟ್ಟಿ ಸಮುದ್ರ ತಡೆಯಲಾಗದು. ಈ ವಾರವೇ ಅಕ್ಕಪಕ್ಕದವರನ್ನು ಸೇರಿಸಿ, ಒಂದು ಇಳಿತದ ಹೊತ್ತಿನಲ್ಲಿ ಕಟ್ಟೆ ಸುತ್ತಿ ಬನ್ನಿ.