ಬೆಳಕಿಗೂ ಬೇಕು ಬಿಗಿಯಾದ ಜೋಡಣೆ

ಮಕ್ಕಳೇ, ನಿಮ್ಮ ಊರಿಗೆ ಇಂಟರ್‌ನೆಟ್ ತರುವ ಕಪ್ಪು ಕೇಬಲ್ ನೋಡಿದ್ದೀರಾ? ಅದು ದ್ಯುತಿ ತಂತುವಿನ ಕೇಬಲ್ ಆಗಿದ್ದರೆ ಒಳಗಿರುವುದು ಗಾಜಿನ ಎಳೆ. ಅದರಲ್ಲಿ ಸುದ್ದಿ ಒಯ್ಯುವುದು ವಿದ್ಯುತ್ತಲ್ಲ, ಬೆಳಕು. ಬೆಳಕು ಸಾಗುವ ತಿರುಳಿನ ಅಗಲ ಸುಮಾರು 9 ಮೈಕ್ರೋಮೀಟರ್ ಮಾತ್ರ. ನಿಮ್ಮ ತಲೆಕೂದಲು ಅದಕ್ಕಿಂತ ಹಲವು ಪಟ್ಟು ದಪ್ಪ!

ಎರಡು ಸ್ಟ್ರಾಗಳನ್ನು ತುದಿಗೆ ತುದಿ ಹಿಡಿದು ಬಿಳಿ ಗೋಡೆಯತ್ತ ನೋಡಿ. ಒಂದನ್ನು ಸ್ವಲ್ಪ ಪಕ್ಕಕ್ಕೆ ಸರಿಸಿ. ಬೆಳಕಿನ ವೃತ್ತ ಕಿರಿದಾಯಿತಲ್ಲವೇ? ಗಾಜಿನ ಎಳೆಗಳಲ್ಲೂ ಹೀಗೆಯೇ. ಆದ್ದರಿಂದಲೇ ತುದಿಗೆ ಕನೆಕ್ಟರ್ ಬೇಕು. ಅದರೊಳಗಿನ ಬಿಳಿ ಸೆರಾಮಿಕ್ ಕೊಳವೆ ಎಳೆಯನ್ನು ನಟ್ಟನಡುವೆ ಹಿಡಿದಿಡುತ್ತದೆ.

ಎಳೆಗೆ ಕನೆಕ್ಟರ್ ಕೂರಿಸಿ ತುದಿಯನ್ನು ನಯಗೊಳಿಸುವುದು ಬಹಳ ನಾಜೂಕಿನ ಕೆಲಸ. ಹೀಗಾಗಿ ಕಾರ್ಖಾನೆಯಲ್ಲೇ ಒಂದು ತುದಿಗೆ ಕನೆಕ್ಟರ್ ಕೂರಿಸಿದ ಗಿಡ್ಡ ಎಳೆ ಸಿಗುತ್ತದೆ. ಅದೇ ಪಿಗ್‌ಟೇಲ್, ಅಂದರೆ ಹಂದಿಬಾಲ. ನಗಬೇಡಿ, ಹೆಸರೇ ಹಾಗೆ! ಅದರ ಬರಿ ತುದಿಯನ್ನು ಕೇಬಲ್ಲಿನ ಎಳೆಗೆ ವಿದ್ಯುತ್ ಕಿಡಿಯಿಂದ ಕರಗಿಸಿ ಬೆಸೆಯುತ್ತಾರೆ.

ಸಾಮಾನ್ಯವಾಗಿ ನೀಲಿ ಕನೆಕ್ಟರಿನ ತುದಿ ನೇರ, ಹಸಿರಿನದು 8 ಡಿಗ್ರಿ ಓರೆ. ಬೆಳಕು ಬಂದ ದಾರಿಯಲ್ಲೇ ಹಿಂದಿರುಗದಿರಲೆಂದು ಈ ಓರೆ. ನೀಲಿಗೆ ಹಸಿರನ್ನು ಸೇರಿಸಿದರೆ ನಡುವೆ ಸಂದು ಉಳಿದು ಬೆಳಕು ಸೋರುತ್ತದೆ. ತಿರುಳಿನ ಮೇಲೆ ಕುಳಿತ ಒಂದು ಧೂಳಿನ ಕಣವೂ ಬೆಳಕನ್ನು ತಡೆಯಬಲ್ಲದು. ಬಳಸದಿದ್ದಾಗ ಮುಚ್ಚಳ ಹಾಕಿಡುವುದು ಅದಕ್ಕೇ.

"ಸರ್, ಬೆಳಕೇ ಕಾಣ್ತಿಲ್ಲ" ಎಂದು ಕೆಲವರು ತುದಿಯೊಳಗೆ ಇಣುಕುತ್ತಾರೆ. ನನಗೆ ಗಾಬರಿಯಾಗುತ್ತದೆ! ಅಲ್ಲಿ ಹರಿಯುವುದು ಅವಕೆಂಪು ಬೆಳಕು. ಕಣ್ಣಿಗೆ ಕಾಣದಿದ್ದರೂ ಕಣ್ಣನ್ನು ಕೆಡಿಸಬಲ್ಲದು. ಎಂದೂ ಇಣುಕಬೇಡಿ.