ಕವಳಿ: ವಿಷದ ಮನೆತನದ ಸವಿಹಣ್ಣು

ಬೇಸಗೆಯ ಮೊದಲಲ್ಲಿ ನಮ್ಮ ಕುರುಚಲು ಕಾಡುಗಳಲ್ಲಿ ನಡೆಯುವಾಗ, ಮಲ್ಲಿಗೆಯನ್ನು ನೆನಪಿಗೆ ತರುವ ಪರಿಮಳವೊಂದು ನಮ್ಮನ್ನು ತಡೆದು ನಿಲ್ಲಿಸುವುದುಂಟು. ಹುಡುಕಿದರೆ ಕಾಣುವುದು ಒಂದು ಮುಳ್ಳಿನ ಪೊದೆ. ಅದರ ರೆಂಬೆಗಳ ತುದಿಯಲ್ಲಿ ಗೊಂಚಲು ಗೊಂಚಲಾಗಿ ಬಿಳಿಯ ಹೂಗಳು. ಇದೇ ಕವಳಿ, ಸಂಸ್ಕೃತದ ಕರಮರ್ದ. ಲಿನೇಯಸನು 1767ರಲ್ಲಿ ಇದಕ್ಕೆ ಕರಿಸ್ಸಾ ಕರಂಡಾಸ್ ಎಂಬ ಶಾಸ್ತ್ರೀಯ ನಾಮವನ್ನಿತ್ತನು.

ಇದರ ಮೊಗ್ಗೊಂದನ್ನು ಕಿತ್ತು ನೋಡೋಣ. ಐದು ದಳಗಳೂ ಮಡಿಸಿದ ಕೊಡೆಯಂತೆ ಒಂದರ ಮೇಲೊಂದು ಹೊರಳಿಕೊಂಡಿವೆ. ಎಲೆಯನ್ನು ಮುರಿದರೆ ಬಿಳಿಯ ಹಾಲು ಒಸರುತ್ತದೆ. ಈ ಎರಡು ಗುರುತುಗಳೂ ಹಳದಿ ಕಣಗಿಲೆಯಲ್ಲಿಯೂ ಉಂಟು. ಇವೆರಡೂ ಅಪೋಸೈನೇಸೀ ಎಂಬ ಒಂದೇ ಕುಟುಂಬಕ್ಕೆ ಸೇರಿದವು. ಎರಡರ ಕಾಯಿಗಳೂ ಹಸುರಾಗಿದ್ದು, ಮಾಗಿದಾಗ ಕಪ್ಪಾಗುತ್ತವೆ. ಆದರೆ ಕವಳಿಯ ಹಣ್ಣು ಮಕ್ಕಳ ಮೆಚ್ಚಿನ ತಿನಿಸು. ಹಳದಿ ಕಣಗಿಲೆಯ ಬೀಜವಾದರೋ ಹೃದಯದ ಬಡಿತವನ್ನು ಕೆಡಿಸಿ ಪ್ರಾಣವನ್ನೇ ತೆಗೆಯಬಲ್ಲ ವಿಷ!

ಹಾಗಾದರೆ ಹಾಲಿರುವುದೇ ವಿಷದ ಗುರುತೆ? ಅಲ್ಲ. ಹಲಸಿನಲ್ಲಿಯೂ ಅತ್ತಿಯಲ್ಲಿಯೂ ಹಾಲುಂಟು. ಸಸ್ಯದ ಹಾಲು ಒಂದೇ ವಸ್ತುವಲ್ಲ, ಹಲವು ವಸ್ತುಗಳ ಮಿಶ್ರಣ. ಅದರಲ್ಲಿ ಏನೇನು ಕೂಡಿದೆ ಎಂಬುದು ಜಾತಿಯಿಂದ ಜಾತಿಗೆ ಬೇರೆಯಾಗುತ್ತದೆ. ಒಂದೇ ಕುಟುಂಬದ ಗಿಡಗಳು ರಚನೆಯಲ್ಲಿ ಹೋಲಬಹುದು. ಗುಣದಲ್ಲಿಯೂ ಹೋಲಬೇಕೆಂಬ ನಿಯಮವಿಲ್ಲ.

ಆದುದರಿಂದ ಹಲವು ಲಕ್ಷಣಗಳನ್ನು ಒಟ್ಟಿಗೆ ನೋಡಬೇಕು. ಕವಳಿಯ ಎಲೆ ಅಂಡಾಕಾರದ್ದು, ದಪ್ಪ, ಹೊಳಪುಳ್ಳದ್ದು, ಎರಡೆರಡು ಎದುರುಬದುರಾಗಿರುತ್ತವೆ. ಮುಳ್ಳುಗಳು ಚೂಪಾಗಿ, ಸಾಮಾನ್ಯವಾಗಿ ಜೋಡಿಯಾಗಿರುತ್ತವೆ. ಹಣ್ಣಿನೊಳಗೆ ಕೆಲವು ಸಣ್ಣ ಬೀಜಗಳು ಮಾತ್ರ. ಹಳದಿ ಕಣಗಿಲೆಗೆ ಮುಳ್ಳಿಲ್ಲ. ಎಲೆ ಕಿರಿದು, ನೀಳ. ರೆಂಬೆಯ ಸುತ್ತ ಒಂದೊಂದಾಗಿ ಹುಟ್ಟುತ್ತದೆ. ಕಾಯಿಯೊಳಗೆ ಗಟ್ಟಿಯಾದ ಓಟೆಯುಂಟು.

ಕವಳಿಯ ಎಳೆಗಾಯಿಯಲ್ಲಿ ಅಂಟು ಹಾಲೂ ಹುಳಿಯೂ ಹೆಚ್ಚು. ಉಪ್ಪಿನಕಾಯಿಗೆ ಅದೇ ಒಳ್ಳೆಯದು. ಮಾಗಿದಂತೆ ಹಾಲು ಕಡಿಮೆಯಾಗಿ ಸಿಹಿ ಕೂಡುತ್ತದೆ. ಕಾಯಿಯಲ್ಲಿ ಪೆಕ್ಟಿನ್ ಸಮೃದ್ಧವಾಗಿದೆ. ಪೆಕ್ಟಿನ್, ಆಮ್ಲ, ಸಕ್ಕರೆ ಈ ಮೂರೂ ಸೇರಿ ಕಾಯ್ದು ಆರಿದಾಗ ರಸ ಗಟ್ಟಿಗೊಳ್ಳುತ್ತದೆ. ಜೆಲ್ಲಿಯಾಗುವ ಗುಟ್ಟು ಇದೇ.

ಕಾಡಿನ ಹಣ್ಣನ್ನು ಬಾಯಿಗಿಡುವ ಮೊದಲು ಎಲೆ, ಮುಳ್ಳು, ಹೂ, ಬೀಜ ಎಲ್ಲವನ್ನೂ ಪರೀಕ್ಷಿಸೋಣ, ಬಲ್ಲವರನ್ನೂ ಕೇಳೋಣ. ಸಂದೇಹ ಉಳಿದರೆ ಹಣ್ಣು ಗಿಡದಲ್ಲಿಯೇ ಇರಲಿ.