*ಆ ಒಂದು ವರ್ಷದ ಲೆಕ್ಕ*

*ಇಂದಿನ ಧಮ್ಮ ಚಿಂತನೆ*





ಇಂದು ಒಬ್ಬ ಬರಹಗಾರನನ್ನು ನೆನೆಯೋಣ. ಅವನ ಹೆಸರು ಚಪಡ. ಸಾಮ್ರಾಟ ಅಶೋಕನ ಕಾಲದಲ್ಲಿ ಚಿತ್ರದುರ್ಗ ಜಿಲ್ಲೆಯ ಬ್ರಹ್ಮಗಿರಿ, ಸಿದ್ದಾಪುರ, ಜಟಿಂಗ ರಾಮೇಶ್ವರದ ಬಂಡೆಗಳ ಮೇಲೆ ಶಾಸನ ಬರೆದವನು. ಇಂಥವರನ್ನು ಆಗ ಲಿಪಿಕಾರರು ಎನ್ನುತ್ತಿದ್ದರು. ಶಾಸನವೆಲ್ಲ ಬ್ರಾಹ್ಮಿ ಲಿಪಿಯಲ್ಲಿದೆ. ಕೊನೆಗೆ ತನ್ನ ಹೆಸರು ಹೇಳಿ, ಲಿಪಿಕಾರ ಎಂಬ ಮಾತನ್ನು ಮಾತ್ರ ಖರೋಷ್ಠಿ ಲಿಪಿಯಲ್ಲಿ, ಬಲದಿಂದ ಎಡಕ್ಕೆ ಬರೆದಿದ್ದಾನೆ. ಆ ಲಿಪಿ ನಡೆಯುತ್ತಿದ್ದದ್ದು ದೂರದ ವಾಯವ್ಯ ಗಡಿಯಲ್ಲಿ.

ಅಶೋಕನ ಶಾಸನಗಳಲ್ಲಿ ಕಾಲವನ್ನು ಪಟ್ಟಾಭಿಷೇಕದಿಂದ ಎಣಿಸುತ್ತಾರೆ. ಪಟ್ಟವಾಗಿ 8 ವರ್ಷಕ್ಕೆ ಕಳಿಂಗ ಯುದ್ಧ ಆಯಿತು ಎಂದು ನಮಗೆ ತಿಳಿದದ್ದು ಹೀಗೆಯೇ. ರಾಜನ ಕಾಲವನ್ನು ಕಲ್ಲಿನಲ್ಲಿ ಹಿಡಿದಿಟ್ಟವರು ಈ ಲಿಪಿಕಾರರು.

*ಚಪಡ ಬರೆದದ್ದೇನು?*

ರಾಜನ ಹೊಗಳಿಕೆಯನ್ನಲ್ಲ. ಅಶೋಕ ಅಲ್ಲಿ ತನ್ನ ಲೆಕ್ಕ ಒಪ್ಪಿಸುತ್ತಾನೆ. ತಾನು ಉಪಾಸಕನಾಗಿ ಎರಡೂವರೆ ವರ್ಷದ ಮೇಲಾಯಿತು. ಅದರಲ್ಲಿ ಒಂದು ವರ್ಷ ತಾನು ಮನಸ್ಸಿಟ್ಟು ಪ್ರಯತ್ನ ಮಾಡಲಿಲ್ಲ. ಸಂಘದ ಹತ್ತಿರ ಹೋಗಿ ಒಂದು ವರ್ಷದ ಮೇಲಾಯಿತು, ಅಂದಿನಿಂದ ಚೆನ್ನಾಗಿ ಪ್ರಯತ್ನ ಮಾಡುತ್ತಿದ್ದೇನೆ. ಇದು ಅವನ ಮಾತಿನ ಸಾರ.

ಬಂಧುಗಳೇ, ವಿಚಾರ ಮಾಡಿ. ಅಷ್ಟು ದೊಡ್ಡ ಸಾಮ್ರಾಜ್ಯದ ಒಡೆಯ. ಆ ಒಂದು ವರ್ಷವನ್ನು ಬಚ್ಚಿಟ್ಟಿದ್ದರೆ ಕೇಳುವವರು ಯಾರಿದ್ದರು? ಎರಡೂವರೆ ವರ್ಷದಿಂದ ಉಪಾಸಕ ಎಂದಷ್ಟೇ ಬರೆಸಿದ್ದರೆ ಸಾಕಿತ್ತು. ಆದರೂ ವ್ಯರ್ಥವಾದ ವರ್ಷವನ್ನೂ ಬರೆಸಿದ. ಸುಳ್ಳು ಹೇಳಬಾರದು ಎಂಬ ಶೀಲ ಮೊದಲು ನಮ್ಮ ಬಗ್ಗೆ ನಾವು ಹೇಳುವ ಮಾತಿಗೆ ಅನ್ವಯಿಸುತ್ತದೆ.

ಮುಂದೆ ಅದೇ ಶಾಸನ ಇನ್ನೊಂದು ಮಾತು ಹೇಳುತ್ತದೆ. ಈ ಫಲ ದೊಡ್ಡವರಿಗೆ ಮಾತ್ರ ದಕ್ಕುವಂಥದ್ದಲ್ಲ. ಪ್ರಯತ್ನ ಮಾಡಿದರೆ ಸಣ್ಣವರಿಗೂ ದಕ್ಕುತ್ತದೆ. ಹುಟ್ಟಿನಿಂದ ಸಣ್ಣವರು ಎನಿಸಿಕೊಂಡ ನಮಗೆ ಇದಕ್ಕಿಂತ ದೊಡ್ಡ ಭರವಸೆ ಬೇಕೆ?

*ನಮ್ಮ ಹಿರಿಯರ ಕಾಲ ಯಾರ ಕೈಯಲ್ಲಿತ್ತು?*

ನಮ್ಮ ಹಳ್ಳಿಗಳಲ್ಲಿ ತಿಥಿ, ವಾರ, ಮುಹೂರ್ತ ಹೇಳುವ ಹಕ್ಕು ಜೋಯಿಸರದಾಗಿತ್ತು. ನಮ್ಮ ಜಿಲ್ಲೆ ಆಗ ಮುಂಬೈ ಪ್ರಾಂತದಲ್ಲಿತ್ತು. 1874ರ ವತನ ಕಾಯ್ದೆಯ ಕೆಳಗೆ ನಮ್ಮವರ ಚಾಕರಿಗೆ ಹೊತ್ತು ಗೊತ್ತು ಇರಲಿಲ್ಲ. ಹಗಲು ರಾತ್ರಿ ಯಾವಾಗ ಕರೆದರೂ ಹೋಗಬೇಕು. ಅವನಿಲ್ಲದಿದ್ದರೆ ಮನೆಯ ಮತ್ತೊಬ್ಬರು ಹೋಗಬೇಕು. ಈ ಅನ್ಯಾಯದ ವಿರುದ್ಧ ಬಾಬಾಸಾಹೇಬರು 1928ರಲ್ಲಿ ಮುಂಬೈ ಶಾಸನ ಪರಿಷತ್ತಿನಲ್ಲಿ ಮಸೂದೆ ತಂದರು. ಕರ್ನಾಟಕದಲ್ಲಿ ಊರ ವತನಗಳನ್ನು ರದ್ದು ಮಾಡುವ ಕಾಯ್ದೆ ಆದದ್ದು 1961ರಲ್ಲಿ.

ಅಂದರೆ ನಮ್ಮ ಅಜ್ಜ ಮುತ್ತ್ಯಾರಿಗೆ ತಮ್ಮದು ಎನ್ನುವ ಒಂದು ತಾಸೂ ಇರಲಿಲ್ಲ. ಇಂದು ನಮಗೆ ಇದೆ. ಅದನ್ನು ನಾವು ಏನು ಮಾಡುತ್ತಿದ್ದೇವೆ?

*53 ದಿನ*

ಬಾಬಾಸಾಹೇಬರು ನಾಗಪುರದಲ್ಲಿ ದೀಕ್ಷೆ ಪಡೆದದ್ದು 1956ರ ಅಕ್ಟೋಬರ್ 14, ಅಶೋಕ ವಿಜಯದಶಮಿಯಂದು. ಪರಿನಿರ್ವಾಣ ಡಿಸೆಂಬರ್ 6. ನಡುವೆ 53 ದಿನ. ದೇಹದಲ್ಲಿ ಶಕ್ತಿ ಉಳಿದಿರಲಿಲ್ಲ. ಆದರೂ ಅಕ್ಟೋಬರ್ 16ಕ್ಕೆ ಚಂದ್ರಪುರದಲ್ಲಿ ಮತ್ತೆ ದೀಕ್ಷೆ ಕೊಟ್ಟರು. ನವೆಂಬರಿನಲ್ಲಿ ಕಾಠ್ಮಂಡುವಿನ ವಿಶ್ವ ಬೌದ್ಧ ಸಮ್ಮೇಳನಕ್ಕೆ ಹೋಗಿ ಮಾತಾಡಿದರು.

ನಾವು ದೀಕ್ಷೆ ಪಡೆದು 10 ವರ್ಷ, 20 ವರ್ಷ ಆಯಿತು ಎಂದು ಹೆಮ್ಮೆಯಿಂದ ಹೇಳುತ್ತೇವೆ. ಅದರಲ್ಲಿ ಪ್ರಯತ್ನದ ವರ್ಷ ಎಷ್ಟು? ವಂದನೆಗೆ ವಿಹಾರಕ್ಕೆ ಬರುತ್ತೇವೆ. ಮಗಳ ಮದುವೆ ಬಂದಾಗ ಸದ್ದಿಲ್ಲದೆ ಮುಹೂರ್ತ ಕೇಳಲು ಹೋಗುತ್ತೇವೆ. 22 ಪ್ರತಿಜ್ಞೆಗಳನ್ನು ಗಟ್ಟಿಯಾಗಿ ಹೇಳುತ್ತೇವೆ. ಅಮಾವಾಸ್ಯೆ ದಿನ ಹೊಸ ಕೆಲಸ ಹಿಡಿಯಲು ಅಂಜುತ್ತೇವೆ. ಬಿಡಿಸಿಕೊಂಡ ಕಾಲವನ್ನು ನಾವೇ ಮರಳಿ ಒಯ್ದು ಕೊಡುತ್ತಿದ್ದೇವೆ.

ಹೀಗೆಂದು ಕೊರಗುತ್ತ ಕೂರಬೇಕಿಲ್ಲ. ತನ್ನ ಶಾಸನಗಳಲ್ಲಿ ಲಿಪಿಕಾರರ ತಪ್ಪೂ ಇರಬಹುದು ಎಂದು ಅಶೋಕ 14ನೇ ಬಂಡೆ ಶಾಸನದಲ್ಲಿ ಬರೆಸಿದ್ದಾನೆ. ಆ ಶಾಸನದ ಒಂದು ಪ್ರತಿ ನಮ್ಮ ಪಕ್ಕದ ಕಲಬುರಗಿ ಜಿಲ್ಲೆಯ ಸನ್ನತಿಯಲ್ಲೇ ಸಿಕ್ಕಿದೆ. ಇಂಡಿ, ಸಿಂದಗಿಯ ಅಂಚಿನಲ್ಲಿ ಹರಿಯುವ ಭೀಮಾ ನದಿಯ ದಂಡೆಯ ಊರು ಅದು. ಆ ಕಲ್ಲನ್ನು ಯಾರೋ ಕೊರೆದು ದೇವಿಯ ಮೂರ್ತಿಗೆ ಪೀಠ ಮಾಡಿದ್ದರು. 1986ರಲ್ಲಿ ಗುಡಿಯ ಮಾಳಿಗೆ ಕುಸಿದಾಗ ಅಕ್ಷರ ಬೆಳಕಿಗೆ ಬಂದವು. ನಡುವೆ ತೂತು ಬಿದ್ದರೂ ಉಳಿದ ಅಕ್ಷರ ಇಂದಿಗೂ ಓದಲು ಬರುತ್ತವೆ. ನಮ್ಮ ಉಳಿದ ದಿನಗಳೂ ಹಾಗೆಯೇ.

*ಇಂದಿನ ಅಭ್ಯಾಸ*

1. ಒಂದು ವಹಿ ತೆಗೆದುಕೊಳ್ಳಿ. ದೀಕ್ಷೆ ಪಡೆದ ದಿನಾಂಕ ಬರೆಯಿರಿ. ಅದರ ಕೆಳಗೆ, ಪ್ರಯತ್ನ ಮಾಡದೆ ಕಳೆದ ಕಾಲವನ್ನು ನಿಜವಾಗಿ ಬರೆಯಿರಿ. ಯಾರಿಗೂ ತೋರಿಸಬೇಕಿಲ್ಲ.

2. ರಾತ್ರಿ ಮಲಗುವ ಮುನ್ನ ಪಂಚಶೀಲ ನೆನೆದು, ಇಂದು ಯಾವುದು ತಪ್ಪಿತು, ಯಾವುದು ಉಳಿಯಿತು ಎಂದು ಒಂದು ಸಾಲು ಬರೆಯಿರಿ.

3. ಬರುವ ಹುಣ್ಣಿಮೆಯ ಉಪೋಸಥಕ್ಕೆ ಆ ಪುಟ ತೆರೆದು ಓದಿ. ತಿಷ್ಯ ನಕ್ಷತ್ರದ ದಿನ ಶಾಸನ ಓದಿಸಿ ಕೇಳಬೇಕು, ಒಬ್ಬನೇ ಇದ್ದರೂ ಕೇಳಬಹುದು ಎಂದು ಒಡಿಶಾದ ಧೌಲಿಯ ಶಾಸನ ಹೇಳುತ್ತದೆ. ನೀವೂ ಒಬ್ಬರೇ ಇದ್ದರೆ ಒಬ್ಬರೇ ಓದಿ.

ನಮ್ಮ ಬದುಕಿನ ಲಿಪಿಕಾರರು ನಾವೇ. ಲೆಕ್ಕ ಸುಳ್ಳಾಗದಿರಲಿ.

ಅತ್ತ ದೀಪ ಭವ. ಭವತು ಸಬ್ಬ ಮಂಗಲಂ.

ಜೈಭೀಮ್. ನಿಮ್ಮ ಓಣಿಯ ಗುಂಪಿಗೂ ಕಳಿಸಿ.